ಮಿಲಿಮೀಟರ್ ಮಾವ

ಕೆನಡಾದ ಬ್ರಾಂಪ್ಟನ್ನಿನಲ್ಲೋ ಮಿಸ್ಸಿಸಾಗಾದಲ್ಲೋ ನಾಲ್ಕು ಕನ್ನಡದ ಮನೆಗಳಿದ್ದರೆ ಒಂದರಲ್ಲಿ ಮಿಲಿಮೀಟರ್ ಮಾವ ಇದ್ದೇ ಇರುತ್ತಾರೆ. ಗುರುತು ಹಿಡಿಯುವುದು ಸುಲಭ. ಯುಗಾದಿ ಊಟಕ್ಕೆ ಕರೆದರೂ ಜೇಬಿನಲ್ಲಿ ಪೆನ್ನಿನ ಪಕ್ಕ ಪುಟ್ಟದೊಂದು ಸ್ಟೀಲ್ ಸ್ಕೇಲು ಇಣುಕುತ್ತಿರುತ್ತದೆ. "ನಮ್ದು 1,095 ದಿನ ಆಯ್ತು ಮಾವ, ಸಿಟಿಜನ್‌ಷಿಪ್‌ಗೆ ಹಾಕೋಣ ಅಂತ" ಎಂದು ಯಾರಾದರೂ ಬಾಯಿಬಿಟ್ಟರೆ ಸಾಕು, ಹೋಳಿಗೆ ತಟ್ಟೆ ಪಕ್ಕಕ್ಕಿಟ್ಟು ಕೈ ಒರೆಸಿಕೊಳ್ಳುತ್ತಾರೆ. ಐದು ವರ್ಷದೊಳಗೆ ಅಷ್ಟು ದಿನ ಆ ನೆಲದ ಮೇಲೆ ಇದ್ದದ್ದು, ತೆರಿಗೆ ಲೆಕ್ಕ ಒಪ್ಪಿಸಿದ್ದು, ಇವೆಲ್ಲ ಮಾವನ ಪಾಲಿಗೆ ಚಿಲ್ಲರೆ ವಿಷಯ.

"ಅದೆಲ್ಲ ಇರ್ಲಿ. ಫೋಟೋ ತೆಗೆಸಿದ್ಯಾ? ತಗೊಂಡ್ಬಾ."

ಫೋಟೋದ ಹೊರ ಅಳತೆ 50ಕ್ಕೆ 70 ಮಿಲಿಮೀಟರ್. ಅದರಲ್ಲಿ ಸ್ಟುಡಿಯೋದವರು ಸಾಮಾನ್ಯವಾಗಿ ತಪ್ಪುವುದಿಲ್ಲ. ಹಾಗಾಗಿ ಮಾವನಿಗೆ ಅದರಲ್ಲಿ ರುಚಿಯೂ ಇಲ್ಲ. ಅವರ ಕಣ್ಣೆಲ್ಲ ಗದ್ದದಿಂದ ನೆತ್ತಿಯವರೆಗಿನ ಜಾಗದ ಮೇಲೆ. ಅದು 31ಕ್ಕಿಂತ ಕಡಿಮೆ ಇರಬಾರದು, 36 ದಾಟಬಾರದು. ನೆತ್ತಿ ಅಂದರೆ ನೆತ್ತಿಯೇ, ಕೂದಲಲ್ಲ. ಮಾವನ ವಿದ್ಯೆ ಖರ್ಚಾಗುವುದು ಇಲ್ಲಿ. ಗುಂಗುರು ಕೂದಲಿನ ಹುಡುಗನಾದರೆ ಅವನ ತಲೆಯ ಮೇಲೇ ಅಂಗೈ ಇಟ್ಟು ಒತ್ತಿ, ಬುರುಡೆ ಎಷ್ಟು ಆಳದಲ್ಲಿ ಸಿಕ್ಕಿತೆಂದು ನೋಡಿ, ಆ ಲೆಕ್ಕವನ್ನು ಫೋಟೋದಲ್ಲಿ ಕಳೆಯುತ್ತಾರೆ. ಆಮೇಲೆ ಕನ್ನಡಕ ಹಣೆಗೇರುತ್ತದೆ, ಒಂದು ಕಣ್ಣು ಮುಚ್ಚುತ್ತದೆ, ಹೆಬ್ಬೆರಳ ಉಗುರು ಗದ್ದದ ಅಂಚಿಗೆ ಊರುತ್ತದೆ. ಸಾರು ಬಡಿಸುತ್ತಿದ್ದವರೂ ಸೌಟು ಹಿಡಿದು ನಿಂತುಬಿಡುತ್ತಾರೆ.

"ಮೂವತ್ತಾರೂವರೆ. ಹೋಯ್ತು."

ಆ "ಹೋಯ್ತು" ಅನ್ನುವಾಗ ಮಾವನ ಮುಖದಲ್ಲಿ ಮೂಡುವುದು ಜಾತಕದಲ್ಲಿ ಕುಜದೋಷ ಕಂಡ ಜೋಯಿಸರ ತೃಪ್ತಿ. ತಮ್ಮ ಬೋಳುತಲೆ ಸವರಿಕೊಂಡು, "ನಮ್ಮಂಥೋರ್ದಾದ್ರೆ ಈ ತಕರಾರೇ ಇಲ್ಲ ನೋಡು" ಎಂಬ ಸಮಾಧಾನವನ್ನೂ ಸೇರಿಸುತ್ತಾರೆ.

ಅಳತೆಯಲ್ಲಿ ಗೆದ್ದವರಿಗೆ ಮುಖಭಾವದ ಗಂಡಾಂತರ ಕಾದಿರುತ್ತದೆ. ನಗಬಾರದು, ಬಾಯಿ ಮುಚ್ಚಿರಬೇಕು, ಹುಬ್ಬು ಗಂಟಿಕ್ಕಬಾರದು. ನಾವೋ "ಸ್ವಲ್ಪ ನಗಿ ಸಾರ್" ಎಂಬ ಸ್ಟುಡಿಯೋ ಮಂತ್ರ ಕೇಳಿಕೊಂಡು ಬೆಳೆದ ಜನ. "ರೇಷನ್ ಅಂಗಡಿ ಕ್ಯೂನಲ್ಲಿ ನಿಂತಿದೀಯ ಅಂದ್ಕೋ. ಸಕ್ಕರೆ ಇದೆಯೋ ಇಲ್ವೋ ಇನ್ನೂ ಗೊತ್ತಿಲ್ಲ. ಅಷ್ಟೇ ಇರ್ಬೇಕು ಮುಖ" ಎಂದು ಮಾವ ತರಬೇತಿ ಕೊಡುತ್ತಾರೆ. ಕೆಲಸಕ್ಕೆ ಬರುವ ಸಲಹೆ, ಸುಳ್ಳು ಹೇಳಬಾರದು. ಕನ್ನಡಕ ಹಾಕಬಹುದು, ಆದರೆ ಗಾಜು ಹೊಳೆದು ಕಣ್ಣು ಮರೆಯಾಗಬಾರದು. ಎರಡು ಪ್ರತಿಗಳಲ್ಲಿ ಒಂದರ ಬೆನ್ನ ಮೇಲೆ ಸ್ಟುಡಿಯೋ ಹೆಸರು, ವಿಳಾಸ, ತೆಗೆದ ತಾರೀಖು. ಆ ಮೊಹರಿನ ಶಾಯಿ ಮೂಗಿನ ತನಕ ಇಳಿದಿದೆಯೇ ಎಂದು ದೀಪಕ್ಕೆ ಹಿಡಿದು ನೋಡುವುದು ಮಾವನೇ ಸೇರಿಸಿಕೊಂಡ ನಿಯಮ.

ಆನ್‌ಲೈನ್ ಅರ್ಜಿ ಬಂದಾಗ ಮಾವನ ಕಾಲ ಮುಗಿಯಿತು ಅಂದುಕೊಂಡವರುಂಟು. ಮಾವ ಲ್ಯಾಪ್‌ಟಾಪ್ ಪರದೆಗೇ ಸ್ಕೇಲು ಹಚ್ಚಿದರು. ಜೂಮ್ ಮಾಡಿದರೆ ಮುಖವೂ ಬೆಳೆಯುತ್ತದಲ್ಲ ಮಾವ ಎಂದು ಹುಡುಗರು ತೋರಿಸಿಕೊಟ್ಟರೆ, "ಅದಕ್ಕೇ ಹೇಳೋದು, ಮುಟ್ಬೇಡಿ" ಎಂದು ಗದರಿದರು.

ಇಷ್ಟೆಲ್ಲ ಬಲ್ಲ ಮಾವ ಮಾತ್ರ ಇನ್ನೂ ಭಾರತದ ಪಾಸ್‌ಪೋರ್ಟಿನಲ್ಲೇ ಇದ್ದಾರೆ. ದಿನ ಎಂದೋ ತುಂಬಿವೆ. ಪೌರತ್ವದ ಪರೀಕ್ಷೆ ಇರುವುದು 18ರಿಂದ 54 ವಯಸ್ಸಿನವರಿಗೆ. ಮಾವ ಅದನ್ನೂ ದಾಟಿದ್ದಾರೆ. ಬಾಕಿ ಇರುವುದು ಫೋಟೋ ಒಂದೇ. ತೆಗೆಸುತ್ತಾರೆ, ಅಳೆಯುತ್ತಾರೆ, ತಾವೇ ಫೇಲು ಮಾಡುತ್ತಾರೆ. ಅಪ್ಪಿತಪ್ಪಿ ಪಾಸಾದದ್ದು ಬೀರುವಿನಲ್ಲಿ 6 ತಿಂಗಳು ಕಳೆದು ಹಳತಾಗುತ್ತದೆ, ಹಳೆಯ ಫೋಟೋ ನಡೆಯುವುದಿಲ್ಲ.

ಒಳಗುಟ್ಟು ಬಿಟ್ಟುಕೊಟ್ಟವರು ಅತ್ತೆ. ನಿವೃತ್ತಿಯಾದ ಮೇಲೆ ತಿಪಟೂರಿಗೆ ಮರಳಿ, ಅಣ್ಣನ ತೋಟದ ಪಕ್ಕದ ತೆಂಗಿನ ತೋಟ ಕೊಳ್ಳಬೇಕೆಂಬುದು ಮಾವನ ಹಳೆಯ ಕನಸು. ಕೆನಡಾದ ಪ್ರಜೆಯಾದರೆ ಭಾರತದ ಪೌರತ್ವ ಹೋಗುತ್ತದೆ. ಆಮೇಲೆ ಸಾಗರೋತ್ತರ ಭಾರತೀಯರಿಗೆ ಕೊಡುವ ಓಸಿಐ ಕಾರ್ಡು ಪಡೆಯಬಹುದು, ನಿಜ. ಅದರಲ್ಲಿ ಓಟೂ ಇಲ್ಲ, ಕೃಷಿ ಜಮೀನು ಕೊಳ್ಳುವಂತೆಯೂ ಇಲ್ಲ. "ತೋಟ ಮಾರೋರೂ ಇಲ್ಲ, ಇವರ ಹತ್ರ ದುಡ್ಡೂ ಇಲ್ಲ. ಫೋಟೋದ ಮೇಲೆ ಹಾಕ್ತಾರೆ" ಎಂದು ಅತ್ತೆ ನಗುತ್ತಾರೆ.

ಅತ್ತೆ ಕಾಯಲಿಲ್ಲ. ತರಕಾರಿಗೆ ಹೋದವರು ಔಷಧಿ ಅಂಗಡಿಯ ಕೌಂಟರಿನಲ್ಲೇ ಫೋಟೋ ಹೊಡೆಸಿಕೊಂಡು ಬಂದರು. ಮಾವ "ಮೂವತ್ತೇಳು" ಎಂದು ತಳ್ಳಿಹಾಕಿದ ಅದೇ ಫೋಟೋವನ್ನು ಅರ್ಜಿಯೊಡನೆ ಕಳಿಸಿದರು. ಚಕಾರವಿಲ್ಲದೆ ಪಾಸಾಯಿತು. "ಅವ್ರ ಸ್ಕೇಲು ಸವೆದಿರ್ಬೇಕು" ಎಂದರು ಮಾವ.

ಪ್ರಮಾಣವಚನ ವಿಡಿಯೋದಲ್ಲೇ ನಡೆಯಿತು. ರೇಷ್ಮೆ ಸೀರೆಯುಟ್ಟ ಅತ್ತೆ ಊಟದ ಮೇಜಿನ ಮುಂದೆ ಕೂತು, ಅಧಿಕಾರಿಗೆ ಕಾಣುವಂತೆ ಕಾಯಂ ನಿವಾಸಿಯೆಂಬ ತಮ್ಮ ಪಿಆರ್ ಕಾರ್ಡನ್ನು ಎತ್ತಿ ಹಿಡಿದು ಕತ್ತರಿಸತೊಡಗಿದರು. ಕ್ಯಾಮೆರಾದ ಆಚೆಯಿಂದ ಮಾವನ ಪಿಸುದನಿ ಕೇಳಿತು: "ಓರೆ ಹೋಗ್ತಿದೆ ಕಣೇ. ತಡಿ, ಸ್ಕೇಲು ಕೊಡ್ತೀನಿ."