ಏಣಿ ಎಡಕ್ಕೋ, ಬಲಕ್ಕೋ

"ಮಾವ, ನನ್ ಬಸ್ಸಿನ ಸ್ಕಿನ್ ಸರಿಯಾಗಿ ಕೂತಿಲ್ಲ, ಸ್ವಲ್ಪ ನೋಡಿ" ಎಂದು ಅಕ್ಕನ ಮಗ ಮೊಬೈಲನ್ನು ನನ್ನ ಮೂಗಿನ ತುದಿಗೆ ಹಿಡಿದಾಗ ನಾನು ಹಲಸಿನ ಹಪ್ಪಳ ಮುರಿಯುತ್ತಿದ್ದೆ. ಬೇಸಿಗೆ ರಜಕ್ಕೆ ಮೈಸೂರಿನಿಂದ ಬಂದವನು. ಒಂಬತ್ತನೇ ತರಗತಿ ಮುಗಿಸಿದ್ದಾನೆ. ಬಂದ ದಿನದಿಂದ ಸೋಫಾದ ಮೇಲೆ ಅಂಗಾತ ಮಲಗಿ ಬಸ್ ಓಡಿಸುತ್ತಿದ್ದ. ಲೋಕದಲ್ಲಿ ಯಾವ ಡ್ರೈವರೂ ಈ ಭಂಗಿಯಲ್ಲಿ ಬಸ್ ಓಡಿಸುವುದಿಲ್ಲ ಎಂದು ನನ್ನ ಹೆಂಡತಿ ಎರಡು ಸಲ ಹೇಳಿಯಾಗಿತ್ತು.

ಸ್ಕಿನ್ ಎಂದರೆ ಚರ್ಮ ಎನ್ನುವಷ್ಟು ಇಂಗ್ಲಿಷ್ ನನಗೂ ಬರುತ್ತದೆ. ಬಸ್ಸಿಗೆ ಚರ್ಮ ಯಾವಾಗ ಬಂತೋ ಎಂದು ಕೇಳಿದೆ. "ಸ್ಕಿನ್ ಅಂದ್ರೆ ಲಿವರಿ ಮಾವ" ಎಂದ. ಚರ್ಮದಿಂದ ನೇರವಾಗಿ ಲಿವರಿಗೇ ಇಳಿದನಲ್ಲ, ಹುಡುಗ ಡಾಕ್ಟರಾಗುವ ಲಕ್ಷಣವಿದೆ ಎಂದುಕೊಂಡೆ.

"ಈ ಬಸ್ಸು ಗೇಮಲ್ಲಿ ಮೊದ್ಲಿಂದ ಇದ್ದಿದ್ದಲ್ಲ. ನಾನು ಮಾಡ್ ಹಾಕಿದೀನಿ."

"ಏನ್ ಮಾಡಿ ಹಾಕಿದೀಯ?"

"ಮಾಡಿ ಅಲ್ಲ ಮಾವ, ಮಾಡ್."

"ಅದೇ ಕಣೋ, ಏನ್ ಮಾಡ್?"

"ಅವನೇನ್ ಮಾಡ್ತಾನೆ, ತಿಂದ ತಟ್ಟೇನೂ ಎತ್ತಿಡಲ್ಲ" ಎಂದು ಅಡುಗೆಮನೆಯಿಂದ ಉತ್ತರ ಬಂತು.

ಮಾಡಿಫಿಕೇಶನ್ ಎನ್ನುವುದರ ಬಾಲ ಕತ್ತರಿಸಿದರೆ ಮಾಡ್. ಆಟ ತಯಾರಿಸಿದವರು ಇಡದಿದ್ದದ್ದನ್ನು ಆಡುವವರೇ ತಯಾರಿಸಿ ಒಳಗೆ ತೂರಿಸುವ ವಿದ್ಯೆ. ಆಟದ ಹೆಸರು ಬಸ್ ಸಿಮ್ಯುಲೇಟರ್ ಇಂಡೋನೇಷ್ಯಾ, ಹುಡುಗರ ಬಾಯಲ್ಲಿ ಬಸ್ಸಿಡ್. ಇಂಡೋನೇಷ್ಯಾದ ಮಲಿಯೋ ಎಂಬ ಸಂಸ್ಥೆ 2017ರಲ್ಲಿ ಹೊರತಂದದ್ದು. ಅಲ್ಲಿಯೂ ಗಾಡಿಗಳು ರಸ್ತೆಯ ಎಡಕ್ಕೇ ಓಡುತ್ತವೆ, ಡ್ರೈವರು ಬಲಕ್ಕೆ ಕೂರುತ್ತಾನೆ, ಬಾಗಿಲು ಎಡಕ್ಕಿರುತ್ತದೆ. ನಮ್ಮ ಬಸ್ಸನ್ನು ಅಲ್ಲಿ ಬಿಟ್ಟರೆ ಅದಕ್ಕೆ ಪರದೇಶ ಅನ್ನಿಸುವುದೇ ಇಲ್ಲ. ಬಸ್ಸಿನ ಮೈಗೆ ಬೇಕಾದ ಬಣ್ಣ ಬಳಿದುಕೊಳ್ಳಲು ಆಟವೇ ಅವಕಾಶ ಕೊಟ್ಟಿದೆ; ಆ ಮೈಬಣ್ಣಕ್ಕೇ ಸ್ಕಿನ್, ಲಿವರಿ ಎನ್ನುವುದು. ಇಷ್ಟು ಸಾಕಾಯಿತು. ಕೇರಳ, ತಮಿಳುನಾಡು, ಕರ್ನಾಟಕದ ಹುಡುಗರು ತಂತಮ್ಮೂರಿನ ಬಸ್ಸುಗಳನ್ನು ಹೊಡೆದುಕೊಂಡು ಜಾವಾ ದ್ವೀಪಕ್ಕೆ ಹೊರಟೇಬಿಟ್ಟರು.

ಅವನ ಬಸ್ಸಿನ ಹಾರ್ನು ಮದುವೆ ಮನೆಯ ವಾಲಗದ ಹಾಗೆ ಏರಿಳಿಯುತ್ತಿತ್ತು. ಅದಕ್ಕೊಂದು ಕಥೆಯಿದೆ. ಇಂಡೋನೇಷ್ಯಾದ ಮಕ್ಕಳು ರಸ್ತೆ ಪಕ್ಕದಲ್ಲಿ 'ಓಂ ತೆಲೊಲೆತ್ ಓಂ' ಎಂದು ಬರೆದ ರಟ್ಟು ಹಿಡಿದು ನಿಲ್ಲುತ್ತಿದ್ದರು. 2016ರ ಡಿಸೆಂಬರಿನಲ್ಲಿ ಅದು ಪ್ರಪಂಚವೆಲ್ಲ ಹರಡಿತು. ಓಂಕಾರ ಕೇಳಿದೊಡನೆ ನಾನು ಭಕ್ತಿಯಿಂದ ನೆಟ್ಟಗೆ ಕೂತೆ. ವಿಚಾರಿಸಿದರೆ ಅಲ್ಲಿ ಓಂ ಎಂದರೆ ಮಾಮ, ಅಂಕಲ್; ಡಚ್ಚರು ಬಿಟ್ಟುಹೋದ ಪದ. "ಮಾಮಾ, ಪೀಪೀ ಊದು ಮಾಮಾ" ಎನ್ನುವುದು ಪೂರ್ತಿ ಮಂತ್ರದ ಅರ್ಥ. ನಾವು ಚಿಕ್ಕವರಿದ್ದಾಗ ಲಾರಿಯವರಿಗೆ ಕೈ ಆಡಿಸಿ ಕೇಳುತ್ತಿದ್ದದ್ದೂ ಇದನ್ನೇ, ರಟ್ಟು ಇರಲಿಲ್ಲ ಅಷ್ಟೆ.

ಇಷ್ಟಕ್ಕೆ ಸುಮ್ಮನಿದ್ದಿದ್ದರೆ ಆಗುತ್ತಿತ್ತು. ಅವನ ಬಸ್ಸು ನಮ್ಮ ಕರ್ನಾಟಕ ಸಾರಿಗೆಯ ಕೆಂಪು ಬಸ್ಸು. ಅದನ್ನು ಕನ್ನಡಕ ಹಾಕಿಕೊಂಡು ನೋಡಿ, "ಇದು ಕೆಂಪಲ್ಲ ಕಣೋ, ಟೊಮೆಟೊ ಸಾಸು" ಎಂದುಬಿಟ್ಟೆ. ಇಪ್ಪತ್ತೆರಡು ವರ್ಷದಿಂದ ಹಾಸನಕ್ಕೂ ಹೊಳೆನರಸೀಪುರಕ್ಕೂ ಅದೇ ಬಸ್ಸಿನಲ್ಲಿ ಓಡಾಡಿದವನು ನಾನು. ಬೆಳಿಗ್ಗೆ 7:50ರ ಗಾಡಿ. ಒಂದು ದಿನವೂ ತಪ್ಪಿಸಿಕೊಂಡವನಲ್ಲ. "ಹಾಗಾದ್ರೆ ನೀವೇ ಮಾಡಿಕೊಡಿ ಮಾವ" ಎಂದು ಹುಡುಗ ತಣ್ಣಗೆ ಹೇಳಿದ. ಕಚೇರಿಯ ಸ್ಮರಣ ಸಂಚಿಕೆಗೆ ಮುಖಪುಟ ಮಾಡಿದವನು, ನಾದಿನಿಯ ಮದುವೆಯ ಲಗ್ನಪತ್ರಿಕೆಯನ್ನು ಕಂಪ್ಯೂಟರಿನಲ್ಲಿ ಜೋಡಿಸಿದವನು, ಒಂದು ಬಸ್ಸಿಗೆ ಹೆದರುತ್ತೇನೆಯೇ?

ಮೊದಲನೇ ದಿನ ತಿಳಿದದ್ದು, ಇಪ್ಪತ್ತೆರಡು ವರ್ಷ ನಾನು ಆ ಬಸ್ಸನ್ನು ಹತ್ತಿದ್ದೆನೇ ಹೊರತು ನೋಡಿರಲಿಲ್ಲ. ಕಿಟಕಿಯ ಕೆಳಗಿನ ಪಟ್ಟಿ ಎಷ್ಟು ಅಗಲ? 'ವೇಗದೂತ' ಎನ್ನುವುದನ್ನು ಎಲ್ಲಿ ಬರೆದಿರುತ್ತಾರೆ? ಒಂದಕ್ಕೂ ಉತ್ತರವಿಲ್ಲ. ನಂಬರ್ ಪ್ಲೇಟಿನಲ್ಲಿ ಕೆಎ-13 ಆದಮೇಲೆ ನಾನು ಯಾವುದೋ ಒಂದು ಅಕ್ಷರ ಬರೆದದ್ದಕ್ಕೆ ಹುಡುಗ ಕಣ್ಣು ಮೇಲಕ್ಕೆ ತಿರುಗಿಸಿದ. "ಸರ್ಕಾರಿ ಬಸ್ಸಿಗೆ ಎಫ್ಫೇ ಬರ್ಬೇಕು ಮಾವ. ಅಷ್ಟೂ ಗೊತ್ತಿಲ್ವ?"

ಸಂಜೆ ಇಬ್ಬರೂ ಬಸ್ ನಿಲ್ದಾಣಕ್ಕೆ ಹೋದೆವು. ಅವನು ಫೋಟೋ ತೆಗೆದ, ನಾನು ಗೇಣು ಹಾಕಿ ಪಟ್ಟಿ ಅಳೆದೆ. ಕಂಟ್ರೋಲರು ಹತ್ತಿರ ಬಂದು, "ಯಾವ ಪೇಪರ್ ಸಾರ್ ನಿಮ್ದು?" ಎಂದರು. ಬಣ್ಣ ನೋಡಲು ಬಂದೆವು ಎಂದೆ. ಹೆಣ್ಣು ನೋಡಲು ಬಂದವರನ್ನು ಕಂಡ ಹಾಗೆ ಮೇಲಿಂದ ಕೆಳಗೆ ನೋಡಿ, "ನೋಡ್ಕೊಳಿ, ಆದ್ರೆ ಗಾಡಿ ಹಿಂದೆ ನಿಲ್ಬೇಡಿ, ರಿವರ್ಸ್ ಬರ್ತವೆ" ಎಂದು ಎಚ್ಚರಿಸಿ ಹೋದರು. ಬಸ್ಸುಗಳೆಲ್ಲ ಪ್ಲಾಟ್‌ಫಾರ್ಮಿಗೆ ಮುಖ ಕೊಟ್ಟು ನಿಂತಿದ್ದವು. ಹೀಗಾಗಿ ಮುಖ ಮತ್ತು ಪಕ್ಕೆ ಸಿಕ್ಕವು, ಬೆನ್ನು ಸಿಗಲಿಲ್ಲ.

ಕೆಂಪೂ ಸಿಗಲಿಲ್ಲ ಎನ್ನಬೇಕು. ಹತ್ತು ಫೋಟೋಗಳಲ್ಲಿ ಹತ್ತು ಕೆಂಪು. ಆಗತಾನೆ ತೊಳೆದುಕೊಂಡು ಬಂದ ಬಸ್ಸಿನದು ದಾಸವಾಳ, ಸಕಲೇಶಪುರದ ಕಡೆಯಿಂದ ಬಂದದ್ದು ಒದ್ದೆ ಇಟ್ಟಿಗೆ, ಅರಸೀಕೆರೆಯ ಕಡೆಯದು ಮಣ್ಣೇ ಬಸ್ಸಾದಂತೆ. ಕೊನೆಗೆ ಹುಡುಗ ತೀರ್ಪು ಕೊಟ್ಟ: ಮೊದಲು ಬಣ್ಣ ಬಳಿಯುವುದು, ಅದರ ಮೇಲೆ ತೆಳ್ಳಗೆ ಧೂಳು ಬಳಿಯುವುದು. ದುಡ್ಡು ಖರ್ಚಿಲ್ಲದೆ ಸಿಗುವ ಏಕೈಕ ವಸ್ತುವನ್ನು ಕೂತು ಚಿತ್ರಿಸಿದ ಮೊದಲ ಮನುಷ್ಯ ನಾನೇ ಇರಬೇಕು ಎಂದು ಬೀಗಿದೆ. ಇಂಥದ್ದನ್ನು ಸಾವಿರ ಹುಡುಗರು ದಿನಾ ಮಾಡುತ್ತಾರಂತೆ.

ಈ ಹುಚ್ಚು ಹೊಸದೂ ಅಲ್ಲ. 1993ರಲ್ಲಿ ಬಂದ ಡೂಮ್ ಎಂಬ ಗುಂಡು ಹಾರಿಸುವ ಆಟದಲ್ಲಿ ಚಿತ್ರ, ಸದ್ದು, ನಕ್ಷೆಗಳನ್ನೆಲ್ಲ ಬೇರೆಯದೇ ಕಡತದಲ್ಲಿ ಕಟ್ಟಿಟ್ಟಿದ್ದರು, ಬೇಕಾದವರು ಬದಲಿಸಿಕೊಳ್ಳಲಿ ಎಂದು. ಆಮೇಲೆ ಕಂಪನಿಗಳು ಜಾಣವಾದವು. 2006ರಲ್ಲಿ ಅಮೆರಿಕದ ಒಂದು ಕಂಪನಿ ಒಬ್ಲಿವಿಯನ್ ಎಂಬ ತನ್ನ ಆಟದಲ್ಲಿ ಕುದುರೆಗೆ ಹಾಕುವ ಕವಚವನ್ನು ಎರಡೂವರೆ ಡಾಲರಿಗೆ ಮಾರಿತು. ಇಲ್ಲದ ಕುದುರೆಗೆ ಇಲ್ಲದ ಕವಚಕ್ಕೆ ಇರುವ ದುಡ್ಡೇ ಎಂದು ಜನ ಕಂಪನಿಯನ್ನು ಹೀಯಾಳಿಸಿದರು. ಹೀಯಾಳಿಸುತ್ತಲೇ ಕೊಂಡರು. ಇವತ್ತು ಬಂದೂಕಿನ ಬಣ್ಣ, ಟೋಪಿ, ಅಂಗಿ ಮಾರಿಯೇ ಬದುಕುವ ಆಟಗಳಿವೆ. ಇದನ್ನು ಹೆಂಡತಿಗೆ ಹೇಳಿದಾಗ ಅವಳಿಗೆ ಆಶ್ಚರ್ಯವೇ ಆಗಲಿಲ್ಲ. "ಸಂಕ್ರಾಂತಿಗೆ ನಿಮ್ಮಪ್ಪ ಎತ್ತಿನ ಕೊಂಬಿಗೆ ಬಣ್ಣ ಬಳಿದು ಬೆಳ್ಳಿ ಕಳಸ ಸಿಗಿಸ್ತಿರ್ಲಿಲ್ವ? ಎತ್ತೇನು ಕನ್ನಡಿ ನೋಡ್ಕೊಳ್ತಿತ್ತಾ?" ಎಂದಳು.

ಕೇರಳದ ಸಂಗತಿ ಇನ್ನೂ ಸ್ವಾರಸ್ಯದ್ದು. ಅಲ್ಲಿನ ಪ್ರವಾಸಿ ಬಸ್ಸುಗಳು ಜಾತ್ರೆಯ ತೇರಿನ ಹಾಗೆ ಮೈತುಂಬ ಚಿತ್ರ ಬಿಡಿಸಿಕೊಂಡು ಓಡುತ್ತಿದ್ದವು. 2022ರಲ್ಲಿ ಸರ್ಕಾರ ಎಲ್ಲಕ್ಕೂ ಬಿಳಿ ಬಣ್ಣವೆಂದು ನಿಯಮ ಮಾಡಿತು. ರಸ್ತೆಯಲ್ಲಿ ಬೆಳ್ಳಗಾದ ಬಸ್ಸುಗಳು ಹುಡುಗರ ಮೊಬೈಲಿನಲ್ಲಿ ಮಾತ್ರ ಹಳೆಯ ಬಣ್ಣದಲ್ಲೇ ಉಳಿದಿವೆ. ಜಾವಾದಲ್ಲಿ ಆ ನಿಯಮ ನಡೆಯುವುದಿಲ್ಲವಲ್ಲ.

ನನ್ನ ಕಷ್ಟಕ್ಕೆ ಬರುತ್ತೇನೆ. ಸ್ಕಿನ್ ಎಂದರೆ 2048 ಚುಕ್ಕಿ ಅಗಲ, ಅಷ್ಟೇ ಉದ್ದದ ಒಂದು ಚೌಕ ಚಿತ್ರ. ಅದರಲ್ಲಿ ಬಸ್ಸಿನ ಎಡಪಕ್ಕೆ ಒಂದು ಕಡೆ, ತಲೆ ಇನ್ನೊಂದು ಕಡೆ, ಹಿಂಭಾಗ ತಲೆಕೆಳಗಾಗಿ ಮೂಲೆಯಲ್ಲಿ, ಬಂಪರು ಎಲ್ಲೋ ಅನಾಥವಾಗಿ. ಯಾವುದನ್ನು ಯಾವುದಕ್ಕೆ ಅಂಟಿಸಿದರೆ ಬಸ್ಸಾಗುತ್ತದೆ ಎಂದು ನಾನು ಅರ್ಧ ಗಂಟೆ ಮಿಕಮಿಕ ನೋಡಿದೆ. ಹಿಂದಿನಿಂದ ಇಣುಕಿದ ಹೆಂಡತಿ, "ಇದ್ಯಾರ ಬ್ಲೌಸು?" ಎಂದಳು. ಅವಳು ಮೂವತ್ತು ವರ್ಷದಿಂದ ಹೊಲಿಗೆ ಮಾಡುವವಳು. "ಇದು ಬೆನ್ನು, ಇವೆರಡು ಮುಂಭಾಗ, ಇದು ತೋಳು, ಈ ಚೂರು ಕ್ರಾಸ್ ಪಟ್ಟಿ" ಎಂದು ಬೆರಳಿಟ್ಟು ತೋರಿಸಿದಳು. ಬಸ್ಸು ನನಗೆ ಅರ್ಥವಾದದ್ದು ಆಗಲೇ.

ಬಣ್ಣ ಬಳಿದು, 'ಕರ್ನಾಟಕ ಸಾರಿಗೆ' ಎಂದು ಬರೆದು, ಗಂಡಭೇರುಂಡದ ಲಾಂಛನ ಅಂಟಿಸಿದೆ. ಲಗ್ನಪತ್ರಿಕೆ ಕಾಲದ ಹಳೇ ಫಾಂಟಿನಲ್ಲಿ ಟೈಪು ಮಾಡಿದ್ದರಿಂದ, ಚಿತ್ರವಾಗಿಸುವ ಮೊದಲೇ ಮೊಬೈಲಿನಲ್ಲಿ ತೆರೆದೊಡನೆ ಕನ್ನಡವು ತಲೆಮೇಲೆ ಚುಕ್ಕಿ, ಕೊಂಬು ಹೊತ್ತ ಇಂಗ್ಲಿಷ್ ಅಕ್ಷರಗಳಾಗಿ ಯಾವುದೋ ಯುರೋಪಿನ ಸಾರಿಗೆ ಸಂಸ್ಥೆಯಾಯಿತು. ಅದನ್ನು ಸರಿಪಡಿಸಿದೆ. ಆಮೇಲೆ ನೋಡಿದರೆ ಗಂಡಭೇರುಂಡದ ಸುತ್ತ ಬಿಳೀ ಚೌಕ, ಗಾಯಕ್ಕೆ ಪ್ಲಾಸ್ಟರ್ ಹಚ್ಚಿದಂತೆ. "ಜೆಪೆಗ್‌ಗೆ ಪಾರದರ್ಶಕತೆ ಇರಲ್ಲ ಮಾವ, ಪಿಎನ್‌ಜಿ ಮಾಡಿ" ಎಂದ. ಮಾಡಿದೆ.

ಇನ್ನು ನನ್ನ ಮೊಬೈಲಿನಲ್ಲಿ ಇನ್‌ಸ್ಟಾಲು. ಬಸ್ಸಿನ ಮಾಡ್ ಫೈಲು ಜಿಪ್ ಎಂಬ ಮೂಟೆಯಲ್ಲಿತ್ತು. ಮೂಟೆಗೆ ಬೀಗ. ಬೀಗದ ಪಾಸ್‌ವರ್ಡು ಅದನ್ನು ಮಾಡಿದವನ ವಿಡಿಯೋದ ನಡುವೆ ಎಲ್ಲೋ ಒಂದು ಕ್ಷಣ ಮಿಂಚಿ ಮಾಯವಾಗುತ್ತದಂತೆ. ಮಲಯಾಳದ ಆ ಹನ್ನೊಂದು ನಿಮಿಷದ ವಿಡಿಯೋವನ್ನು ಕಣ್ಣು ಮಿಟುಕಿಸದೆ ನೋಡಿದೆ. ಕಚೇರಿಯ ಆಡಿಟ್ ವರದಿಯನ್ನು ಇಷ್ಟು ಶ್ರದ್ಧೆಯಿಂದ ನೋಡಿದ್ದರೆ ಎರಡು ಬಡ್ತಿ ಬರುತ್ತಿತ್ತು. ಬೀಗ ತೆಗೆದು, ಫೈಲು ಇಳಿಸಿ, ಆಟ ತೆರೆದರೆ ಗ್ಯಾರೇಜಿನಲ್ಲಿ ಬಸ್ಸೇ ಇಲ್ಲ. ಅದು ನನ್ನ ಡೌನ್‌ಲೋಡ್ ಫೋಲ್ಡರಿನಲ್ಲಿ ಕರೆಂಟ್ ಬಿಲ್ಲು, ವಿಮೆಯ ರಸೀದಿ ಮತ್ತು ವಿಷ್ಣು ಸಹಸ್ರನಾಮದ ನಡುವೆ ನಿಂತಿತ್ತು. "ಮಾಡ್ಸ್ ಫೋಲ್ಡರಿಗೆ ಹಾಕ್ಬೇಕು ಮಾವ. ಡಿಪೋಗೆ ಹೋಗ್ದೆ ಇರೋ ಬಸ್ಸಿಗೆ ಡ್ಯೂಟಿ ಎಲ್ಲಿಂದ ಬರುತ್ತೆ?" ಹುಡುಗನ ಮಾತು ನ್ಯಾಯವಾಗಿಯೇ ಇತ್ತು.

ಕೊನೆಗೂ ಬಸ್ಸು ಹೊರಬಂತು. ಎಡಗಡೆಯಿಂದ ರಾಜಗಾಂಭೀರ್ಯ. ಬಲಕ್ಕೆ ತಿರುಗಿಸಿದರೆ ಅಕ್ಷರಗಳೆಲ್ಲ ಆಂಬುಲೆನ್ಸಿನ ಹಣೆಬರಹದ ಹಾಗೆ ಉಲ್ಟಾ! ಎರಡು ಪಕ್ಕೆಗೂ ಒಂದೇ ಚಿತ್ರವನ್ನು ಮಗುಚಿ ಹಾಕುವ ಅಚ್ಚನ್ನು ನಾನು ಆರಿಸಿಕೊಂಡಿದ್ದೆ. "ಎಡತೋಳನ್ನೇ ಬಲಕ್ಕೂ ಹೊಲಿದಿದೀರ" ಎಂದಳು ಹೆಂಡತಿ. ಆ ಪಕ್ಕೆಯಲ್ಲಿ ಮಾನ ಉಳಿಸಿದ್ದು ಗಂಡಭೇರುಂಡವೊಂದೇ. ಎರಡು ತಲೆಯ ಹಕ್ಕಿ, ಎಡಬಲ ಮಗುಚಿದರೂ ಹಾಗೇ ಇರುತ್ತದೆ. ಇದನ್ನು ಲಾಂಛನವಾಗಿ ಆರಿಸಿದ ಹಿರಿಯರಿಗೆ ಮನಸ್ಸಿನಲ್ಲೇ ಕೈಮುಗಿದು, ಎರಡು ಪಕ್ಕೆಗೂ ಬೇರೆ ಬೇರೆ ಜಾಗವಿರುವ ಅಚ್ಚು ಹುಡುಕಿ ಮೊದಲಿನಿಂದ ಬಳಿದೆ.

ಉಳಿದದ್ದು ಹಿಂಭಾಗ. ಅಲ್ಲಿ ಟಾಪಿಗೆ ಹತ್ತುವ ಏಣಿಯನ್ನು ಬಿಡಿಸಬೇಕು. ಎಡಕ್ಕೋ, ಬಲಕ್ಕೋ? ಹುಡುಗ ಎಡ ಎಂದ. ಹೆಂಡತಿ ಬಲ ಎಂದಳು. ತವರಿಗೆ ಹೋಗುವಾಗ ಹಲಸಿನಹಣ್ಣಿನ ಚೀಲ ಏರಿಸಿದ್ದು ಅವಳಿಗೆ ಕಣ್ಣಿಗೆ ಕಟ್ಟಿದಂತಿದೆಯಂತೆ. "ಇಪ್ಪತ್ತೆರಡು ವರ್ಷ ಓಡಾಡಿದೀರಲ್ಲ, ನೀವೇ ಹೇಳಿ" ಎಂದು ಇಬ್ಬರೂ ನನ್ನ ಕಡೆ ತಿರುಗಿದರು. ಬಸ್ಸಿನ ಬೆನ್ನು ಕಾಣುವುದು ಬಸ್ಸು ತಪ್ಪಿಸಿಕೊಂಡವನಿಗೆ. ನಾನು ತಪ್ಪಿಸಿಕೊಂಡವನಲ್ಲ. ಇಳಿದಮೇಲೆ ತಿರುಗಿ ನೋಡುವ ಪದ್ಧತಿಯೂ ಇಲ್ಲ. ಹಾಜರಿ ಪುಸ್ತಕ ಕಾಯುತ್ತಿರುತ್ತದೆ. ಗೃಹಶಾಂತಿಯ ದೃಷ್ಟಿಯಿಂದ ಬಲಕ್ಕೇ ಬಿಡಿಸಿದೆ. ಹುಡುಗ ಒಂದು ಹೊತ್ತು ಮಾತು ಬಿಟ್ಟ.

ಆ ರಾತ್ರಿ 'ಹಾಸನ – ಹೊಳೆನರಸೀಪುರ' ಬೋರ್ಡು ಹೊತ್ತ ನನ್ನ ವೇಗದೂತ ಜಾವಾದ ಸುರಬಾಯದಿಂದ ಹೊರಟಿತು. ಓಡಿಸಲು ಕೂತಾಗ ಒಂದು ಸತ್ಯ ತಿಳಿಯಿತು: ಡ್ರೈವರ್ ಸೀಟಿನಿಂದ ಸ್ಟೇರಿಂಗು ಮತ್ತು ರಸ್ತೆ ಕಾಣುತ್ತವೆ, ನಾಲ್ಕು ದಿನ ಬಳಿದ ಬಣ್ಣದಲ್ಲಿ ಒಂದು ಚುಕ್ಕಿಯೂ ಕಾಣುವುದಿಲ್ಲ. ಅದನ್ನು ನೋಡಲೆಂದು ಹೊರಗಿನ ಕ್ಯಾಮೆರಾಕ್ಕೆ ಬದಲಿಸಿದೆ. ಆಹಾ, ಏನು ಕೆಂಪು, ಏನು ಧೂಳು! ನೋಡುತ್ತ ಮೈಮರೆತು ಎದುರಿನ ಲಾರಿಗೆ ಗುದ್ದಿದೆ. "ನಾನು ನಿಜವಾದ ಬಸ್ಸಲ್ಲೇ ಟಿಕೆಟ್ಟಿಗೆ ದುಡ್ಡಿಲ್ಲದೆ ಧರ್ಮಸ್ಥಳಕ್ಕೆ ಹೋಗ್ಬರ್ತೀನಿ, ನೀವು ಲಾರಿ ಗುದ್ಕೊಂಡಿರಿ" ಎಂದಳು ಹೆಂಡತಿ. 2023ರ ಜೂನಿನಲ್ಲಿ ಹೆಂಗಸರಿಗೆ ಬಸ್ಸು ಪುಕ್ಕಟೆ ಮಾಡಿದ ಶಕ್ತಿ ಯೋಜನೆ ಬಂದಾಗಿನಿಂದ ಬಸ್ಸಿನ ವಿಷಯದಲ್ಲಿ ಅವಳದೇ ಮೇಲುಗೈ.

ರಜ ಮುಗಿಸಿ ಹುಡುಗ ಊರಿಗೆ ಹೋದ. ಮರುದಿನ 7:50ಕ್ಕೆ ನಿಲ್ದಾಣದಲ್ಲಿದ್ದೆ. ನನ್ನ ಬಸ್ಸು ನಿಂತಿತ್ತು. ಮುಂದೆ ಹೋಗಿ ನಿಂತು ನೋಡಿದೆ. ಪಟ್ಟಿ ಎರಡು ಬೆರಳು ಕೆಳಗಿದೆ. ಕೆಂಪು ಸ್ವಲ್ಪ ಜಾಸ್ತಿಯಾಯಿತು. 'ಗ' ಅಕ್ಷರದ ಹೊಟ್ಟೆ ನಾನು ಬರೆದಷ್ಟು ದುಂಡಗಿಲ್ಲ. ಛೆ, ಯಾರು ಮಾಡಿದ್ದು ಇದನ್ನ ಎಂದುಕೊಂಡು, ಹುಡುಗನಿಗೆ ಕಳುಹಿಸಲು ಮೊಬೈಲ್ ತೆಗೆದು ಪಕ್ಕೆಯ ಒಂದು ಫೋಟೋ ತೆಗೆದೆ. ಅಲುಗಿತು. ಇನ್ನೊಂದು ತೆಗೆದೆ. ಕಂಡಕ್ಟರು "ಹತ್ತೋದಾದ್ರೆ ಹತ್ತಿ ಸಾರ್" ಎಂದದ್ದು ಕೇಳಿಸಿತು, ಬೇರೆ ಯಾರಿಗೋ ಹೇಳಿದರು ಎಂದುಕೊಂಡೆ. ಸೀಟಿ ಊದಿದರು. ಬಸ್ಸು ಹಿಂದಕ್ಕೆ ಸರಿದು, ಅರ್ಧ ಸುತ್ತು ತಿರುಗಿ, ಗೇಟಿನ ಕಡೆ ಹೊರಟಿತು. ಇಪ್ಪತ್ತೆರಡು ವರ್ಷದಲ್ಲಿ ಮೊದಲ ಸಲ ಅದರ ಬೆನ್ನು ನನಗೆ ಪೂರ್ತಿಯಾಗಿ ಕಂಡಿತು.

ಏಣಿ ಎಡಕ್ಕೂ ಇರಲಿಲ್ಲ, ಬಲಕ್ಕೂ ಇರಲಿಲ್ಲ. ಏಣಿಯೇ ಇರಲಿಲ್ಲ.