ಹಳೆಯ ಶಾರ್ಟ್ ಚಾಸಿ ಜೀಪಿನ ಕ್ರಯಮೀಮಾಂಸೆ

1. ವಿಷಯ ನಿರ್ದೇಶ

ಕುದುರೆಯ ಲಕ್ಷಣವನ್ನು ತಿಳಿಯಬಯಸುವವನಿಗೆ ಶಾಲಿಹೋತ್ರನಿದ್ದಾನೆ, ಆನೆಯ ಲಕ್ಷಣಕ್ಕೆ ಪಾಲಕಾಪ್ಯನಿದ್ದಾನೆ. ಕನ್ನಡದಲ್ಲಿಯೇ ಎರಡನೆಯ ಚಾವುಂಡರಾಯನು ಸುಮಾರು 1025ರಲ್ಲಿ ರಚಿಸಿದ ‘ಲೋಕೋಪಕಾರ’ದಲ್ಲಿ ಅಂತರ್ಜಲ ಶೋಧನೆಯಿಂದ ಹಿಡಿದು ಅಡುಗೆ, ಸುಗಂಧದ್ರವ್ಯ, ವಿಷವೈದ್ಯಗಳವರೆಗೆ ಗೃಹಸ್ಥನಿಗೆ ಬೇಕಾದುದೆಲ್ಲ ಅಡಕವಾಗಿದೆ. ಇಷ್ಟೆಲ್ಲ ಇದ್ದೂ, ಮಲೆನಾಡು ಮತ್ತು ಕೊಡಗಿನ ಗೃಹಸ್ಥನು ಆಯುಷ್ಯದಲ್ಲಿ ಒಮ್ಮೆಯಾದರೂ ಎದುರಿಸುವ ಮಹಾಸಂದಿಗ್ಧವೊಂದರ ಬಗೆಗೆ, ಎಂದರೆ ಬೇರೊಬ್ಬರು ಓಡಿಸಿ ದಣಿಸಿದ ಶಾರ್ಟ್ ಚಾಸಿಯ ಫೋರ್ ವೀಲ್ ಜೀಪನ್ನು ಕೊಳ್ಳಬೇಕೇ ಬೇಡವೇ ಎಂಬ ಪ್ರಶ್ನೆಯ ಬಗೆಗೆ, ಪ್ರಾಚೀನರು ತುಟಿ ಬಿಚ್ಚದಿರುವುದು ನಮ್ಮ ಶಾಸ್ತ್ರಪರಂಪರೆಯ ದೊಡ್ಡ ಕೊರತೆಯೇ ಸರಿ. ಆ ಕಾಲದಲ್ಲಿ ಜೀಪು ಇರಲಿಲ್ಲವೆಂಬ ಸಮಾಧಾನವನ್ನು ಕೆಲವರು ಮುಂದಿಡುವುದುಂಟು. ಆದರೆ ಈಗ ಮಾರಾಟಕ್ಕೆ ನಿಂತಿರುವ ಕೆಲವು ಜೀಪುಗಳ ಸ್ಥಿತಿಯನ್ನು ಕಣ್ಣಾರೆ ಕಂಡವರು ಈ ವಾದವನ್ನು ಅಷ್ಟು ಸುಲಭವಾಗಿ ಒಪ್ಪಲಾರರು.

ಪ್ರಸ್ತುತ ಪ್ರಬಂಧದ ಪ್ರತಿಜ್ಞೆ ಇಷ್ಟೇ: ಈ ವ್ಯವಹಾರದಲ್ಲಿ ನಿರ್ಣಯವು ಪರೀಕ್ಷೆಗಿಂತ ಮೊದಲೇ ಹುಟ್ಟಿರುತ್ತದೆ, ಪರೀಕ್ಷೆಯೆಂಬುದು ಹುಟ್ಟಿದ ನಿರ್ಣಯಕ್ಕೆ ಮಾಡುವ ನಾಮಕರಣವೇ ಹೊರತು ಬೇರೇನೂ ಅಲ್ಲ.

2. ಲಕ್ಷಣ

ಮುಂದಿನ ಗಾಲಿಯ ನಡುವಿನಿಂದ ಹಿಂದಿನ ಗಾಲಿಯ ನಡುವಿನವರೆಗಿನ ಅಂತರಕ್ಕೆ ವೀಲ್‌ಬೇಸ್ ಎಂದು ಹೆಸರು. ಗಾಲಿ, ಇಂಜಿನ್, ಬಾಡಿಗಳನ್ನೆಲ್ಲ ಹೊತ್ತುಕೊಂಡಿರುವ ಕಬ್ಬಿಣದ ಚೌಕಟ್ಟಿಗೆ ಚಾಸಿ ಎಂದು ಹೆಸರು. ಗ್ಯಾರೇಜಿನ ಪರಿಭಾಷೆಯಲ್ಲಿ ಇವೆರಡೂ ಒಂದಾಗಿ, ಅಂತರ ಕಡಿಮೆಯಿರುವ ಜೀಪು ‘ಶಾರ್ಟ್ ಚಾಸಿ’ ಎನಿಸಿಕೊಳ್ಳುತ್ತದೆ, ಹೆಚ್ಚಿರುವುದು ‘ಲಾಂಗ್ ಚಾಸಿ’ ಎನಿಸಿಕೊಳ್ಳುತ್ತದೆ. ಎರಡನೆಯ ಮಹಾಯುದ್ಧಕ್ಕಾಗಿ 1941ರಿಂದ ತಯಾರಾದ ವಿಲ್ಲೀಸ್ ಜೀಪಿನ ವೀಲ್‌ಬೇಸ್ 80 ಇಂಚು, ಎಂದರೆ 2032 ಮಿ.ಮೀ. ಇದ್ದುದರಿಂದ ಈ ಶಾಸ್ತ್ರಕ್ಕೆ ಅದೇ ಮೂಲಮಾನ. 1985ರಿಂದ 2019ರವರೆಗೆ ತಯಾರಾದ ಮಾರುತಿ ಜಿಪ್ಸಿಯದು 2375 ಮಿ.ಮೀ., 2010ರ ಮಹೀಂದ್ರ ಥಾರ್‌ನದು 2430 ಮಿ.ಮೀ.; ಇವುಗಳನ್ನೂ ಗಿಡ್ಡ ವಾಹನಗಳೆಂದು ಕರೆಯುವ ಉದಾರಪಂಥವೊಂದಿದ್ದರೂ, 80 ಇಂಚಿನವರು ಆ ಪಂಥದವರೊಡನೆ ಚಹಾ ಕುಡಿಯುತ್ತಾರೆಯೇ ಹೊರತು ಸಂಬಂಧ ಬೆಳೆಸುವುದಿಲ್ಲ.

ಗಿಡ್ಡತನದ ಗುಣವನ್ನು ಗಣಿತದಿಂದಲೇ ಸಾಧಿಸಬಹುದು. ಮುಂದಿನ ಗಾಲಿಗಳು 30 ಡಿಗ್ರಿ ತಿರುಗಿದವೆಂದು ಇಟ್ಟುಕೊಂಡರೆ, ಸರಳ ಲೆಕ್ಕದಲ್ಲಿ 80 ಇಂಚಿನ ಜೀಪಿನ ಹಿಂದಿನ ಆಕ್ಸಲಿನ ನಡುಬಿಂದುವು ಸುಮಾರು 3.5 ಮೀಟರ್ ತ್ರಿಜ್ಯದ ವೃತ್ತದಲ್ಲಿಯೂ 2430 ಮಿ.ಮೀ. ವಾಹನದ್ದು ಸುಮಾರು 4.2 ಮೀಟರ್ ತ್ರಿಜ್ಯದಲ್ಲಿಯೂ ಸುತ್ತುತ್ತದೆ; ಈ 70 ಸೆಂ.ಮೀ. ವ್ಯತ್ಯಾಸವೇ ಮಲೆನಾಡಿನ ಎಷ್ಟೋ ತೋಟದ ದಾರಿಗಳಲ್ಲಿ ಧರೆಯ ಆಯುಷ್ಯವನ್ನೂ ಮಡ್‌ಗಾರ್ಡಿನ ಆಯುಷ್ಯವನ್ನೂ ನಿರ್ಧರಿಸುತ್ತದೆ. ಹಾಗೆಯೇ ಹೊಟ್ಟೆಯ ಕೆಳಗೆ 8 ಇಂಚಿನ ತೆರವಿದ್ದಾಗ, ದಿಬ್ಬದ ನೆತ್ತಿಯ ಮೇಲೆ ಹೊಟ್ಟೆ ತಾಗಿಸಿಕೊಳ್ಳದೆ ದಾಟಬಲ್ಲ ಕೋನವು ಗಿಡ್ಡದಕ್ಕೆ ಸುಮಾರು 22.6 ಡಿಗ್ರಿ, ಉದ್ದದಕ್ಕೆ ಸುಮಾರು 19 ಡಿಗ್ರಿ. ದೋಷವೆಂದರೆ, ಗಾಲಿಗಳು ಹತ್ತಿರವಿರುವುದರಿಂದ ಮುಂದಿನ ಗುಂಡಿಯ ಪೆಟ್ಟು ಬೆನ್ನಿನಿಂದ ಇಳಿಯುವ ಮೊದಲೇ ಹಿಂದಿನ ಗಾಲಿ ಅದೇ ಗುಂಡಿಗೆ ಬೀಳುತ್ತದೆ. ಹಿಂದಿನ ಅಡ್ಡ ಸೀಟಿನಲ್ಲಿ ಕುಳಿತು ಕೊಡಚಾದ್ರಿಗೋ ಮಾಂದಲಪಟ್ಟಿಗೋ ಹೋಗಿಬಂದವರು ಶಿಖರಕ್ಕಿಂತ ಹೆಚ್ಚಾಗಿ ತಮ್ಮ ಬೆನ್ನುಮೂಳೆಯ ಒಂದೊಂದು ಮಣಿಯನ್ನೂ ಎಣಿಸಿ ಹೇಳಬಲ್ಲವರಾಗಿರುವುದು ಈ ಕಾರಣದಿಂದ.

3. ಪ್ರಭೇದ

ಮಾರಾಟಕ್ಕಿರುವ ಜೀಪುಗಳು ಮೂರು ವಿಧ: ಯುದ್ಧಜ, ದೇಶಜ ಮತ್ತು ಸಂಕರಜ.

ಯುದ್ಧಜವೆಂಬುದು ಬರ್ಮಾ ಗಡಿಯಲ್ಲಿ ಗುಂಡಿನ ನಡುವೆ ಓಡಿತ್ತೆಂದು ಮಾರುವವರು ಹೇಳುವ ಜೀಪು. ಇದರ ಪರೀಕ್ಷೆ ಕಷ್ಟವಲ್ಲ: ಯುದ್ಧಕಾಲದ ಒತ್ತುತಗಡಿನ ಮುಖಜಾಲರಿಯಲ್ಲಿ ಒಂಬತ್ತು ಸೀಳುಗಳಿರುತ್ತವೆ, ಆಮೇಲಿನ ನಾಗರಿಕ ಜೀಪಿನಲ್ಲಿ ಏಳು, ಯುದ್ಧಜದ ಹಿಂಬದಿಯಲ್ಲಿ ತೆರೆಯುವ ಬಾಗಿಲಿಲ್ಲ, ನಾಗರಿಕದಲ್ಲಿ ಉಂಟು, ಯುದ್ಧಜದ ಪೆಟ್ರೋಲು ಡ್ರೈವರನ ಸೀಟನ್ನೆತ್ತಿದರೆ ತುಂಬಬೇಕು, ನಾಗರಿಕದಲ್ಲಿ ಮಗ್ಗುಲಿನಿಂದ ತುಂಬಬಹುದು, ಫೋರ್ಡ್ ಕಂಪನಿ ತಯಾರಿಸಿದ ಯುದ್ಧಜವಾದರೆ ಬೋಲ್ಟುಗಳ ತಲೆಯ ಮೇಲೆ ‘ಎಫ್’ ಎಂಬ ಅಕ್ಷರ ಮೂಡಿರುತ್ತದೆ. ಏಳು ಸೀಳಿನ ಮುಖವನ್ನು ತೋರಿಸಿ ಯುದ್ಧದ ಕಥೆ ಹೇಳುವವನೊಡನೆ ವಾದ ಸಲ್ಲದು, ಏಕೆಂದರೆ ಉಳಿದೆರಡು ಸೀಳುಗಳು ಗುಂಡೇಟಿನಿಂದ ಮುಚ್ಚಿಹೋದವೆಂದು ಅವನು ಹೇಳುವ ಸಂಭವವಿದೆ.

ದೇಶಜವೆಂದರೆ 1953ರಲ್ಲಿ ವಿಲ್ಲೀಸ್ ಹೊರತಂದ ಸಿಜೆ-3ಬಿ ಮಾದರಿಯನ್ನು ಮಹೀಂದ್ರದವರು ಇಲ್ಲಿ ಬಹುಕಾಲ ತಯಾರಿಸಿದುದರಿಂದ ಬಂದ ಸಂತತಿ. ಇದರ 2199 ಸಿ.ಸಿ. ಪೆಟ್ರೋಲ್ ಇಂಜಿನ್ನಿನಲ್ಲಿ ಗಾಳಿ ಒಳಹೋಗುವ ವಾಲ್ವು ಇಂಜಿನ್ನಿನ ನೆತ್ತಿಗೆ ಏರಿದ್ದರಿಂದ ಇಂಜಿನ್ ಎತ್ತರವಾಯಿತು, ಇಂಜಿನ್ ಎತ್ತರವಾದ್ದರಿಂದ ಬಾನೆಟ್ ಎತ್ತರವಾಯಿತು, ಬಾನೆಟ್ ಎತ್ತರವಾದ್ದರಿಂದ ಅದು ‘ಹೈ ಬಾನೆಟ್’ ಎನಿಸಿತು, ಹೈ ಬಾನೆಟ್ ಎನಿಸಿದ್ದರಿಂದ ಬೆಲೆಯೂ ಎತ್ತರವಾಯಿತು. ಕಾರ್ಯಕಾರಣ ಸರಪಳಿಗೆ ಇದಕ್ಕಿಂತ ನಿರ್ದುಷ್ಟವಾದ ಉದಾಹರಣೆ ನ್ಯಾಯಗ್ರಂಥಗಳಲ್ಲಿಯೂ ದೊರೆಯದು.

ಸಂಕರಜದಲ್ಲಿ ಚಾಸಿ ಒಂದು ಕುಲದ್ದು, ಇಂಜಿನ್ ಇನ್ನೊಂದು ಕುಲದ್ದು, ಗೇರ್‌ಬಾಕ್ಸ್ ಮೂರನೆಯದ್ದು, ಸೀಟು ಯಾವುದೋ ಕಾರಿನದ್ದು. ಲಾಂಗ್ ಚಾಸಿಯನ್ನು ನಡುವೆ ಕತ್ತರಿಸಿ ಬೆಸುಗೆ ಹಾಕಿ ಗಿಡ್ಡ ಮಾಡಿದುದೂ ಈ ವರ್ಗಕ್ಕೇ ಸೇರುತ್ತದೆ. ಮಾರಾಟಕ್ಕಿರುವ ಜೀಪುಗಳಲ್ಲಿ ಸಂಕರಜವಲ್ಲದ್ದು ಅಪರೂಪವೆಂಬುದನ್ನೂ, ತನ್ನ ಜೀಪು ಸಂಕರಜವೆಂದು ತಾನಾಗಿ ಒಪ್ಪಿಕೊಂಡ ಮಾಲೀಕ ಅದಕ್ಕಿಂತಲೂ ಅಪರೂಪವೆಂಬುದನ್ನೂ ಜಿಜ್ಞಾಸುಗಳು ಗಮನಿಸಬೇಕು.

4. ಪ್ರಮಾಣ ವಿಚಾರ

ಯಥಾರ್ಥಜ್ಞಾನಕ್ಕೆ ಸಾಧನವಾದುದು ಪ್ರಮಾಣ. ಭಾಟ್ಟ ಮೀಮಾಂಸಕರೂ ಅದ್ವೈತಿಗಳೂ ಒಪ್ಪುವ ಆರು ಪ್ರಮಾಣಗಳು ಜೀಪಿನ ವಿಷಯದಲ್ಲಿಯೂ ಯಥಾವತ್ತಾಗಿ ಅನ್ವಯಿಸುತ್ತವೆ.

ಪ್ರತ್ಯಕ್ಷ: ಇಂದ್ರಿಯಗಳಿಂದ ನೇರವಾಗಿ ಬರುವ ಜ್ಞಾನ. ಕಣ್ಣಿಗೆ ಕಾಣುವುದು ಹೊಸ ಪೇಂಟು; ಅದರ ಕೆಳಗಿರುವುದು ತಗಡೋ ಪುಟ್ಟಿಯೋ ಎಂಬುದನ್ನು ಕಣ್ಣು ಹೇಳಲಾರದು, ಚಿಕ್ಕದೊಂದು ಅಯಸ್ಕಾಂತ ಹೇಳುತ್ತದೆ, ಏಕೆಂದರೆ ಅದು ಕಬ್ಬಿಣಕ್ಕೆ ಅಂಟುತ್ತದೆ, ಪುಟ್ಟಿಗೆ ಅಂಟುವುದಿಲ್ಲ. ಮಳೆನಾಡಿನ ಜೀಪಿನಲ್ಲಿ ಕಾಲಡಿಯ ಮ್ಯಾಟನ್ನು ಎತ್ತಿ ನೋಡುವುದು ಅವಶ್ಯ; ಎತ್ತಿದಾಗ ತುಕ್ಕು ಹಿಡಿದ ತೂತಿನಲ್ಲಿ ನೆಲ ಕಂಡರೆ, ಹಳ್ಳ ದಾಟಿದ ಮೇಲೆ ನೀರು ತಾನಾಗಿ ಬಸಿದುಹೋಗುವ ವ್ಯವಸ್ಥೆಯೆಂದು ಅದನ್ನು ವ್ಯಾಖ್ಯಾನಿಸುವ ಸಂಪ್ರದಾಯವಿದೆ.

ಅನುಮಾನ: ಕಂಡ ಗುರುತಿನಿಂದ ಕಾಣದ ವಸ್ತುವನ್ನು ತಿಳಿಯುವುದು. ಬೆಟ್ಟದಲ್ಲಿ ಹೊಗೆ ಕಂಡು ಬೆಂಕಿಯನ್ನು ಊಹಿಸಿದ ನೈಯಾಯಿಕರು ಹೊಗೆಯ ಬಣ್ಣವನ್ನು ವಿಚಾರಿಸಲಿಲ್ಲ. ಡೀಸೆಲ್ ಇಂಜಿನ್ನಿನ ಮುಂದೆ ಆ ಉದಾಸೀನ ನಡೆಯದು. ಕಪ್ಪು ಹೊಗೆಯಿಂದ ಗಾಳಿಗಿಂತ ಡೀಸೆಲ್ ಹೆಚ್ಚಾಗಿದೆಯೆಂದೂ, ನೀಲಿ ಹೊಗೆಯಿಂದ ಇಂಜಿನ್ ತನ್ನ ಆಯಿಲನ್ನು ತಾನೇ ಸುಟ್ಟುಕೊಳ್ಳುತ್ತಿದೆಯೆಂದೂ, ಬಿಸಿಯಾದ ಮೇಲೂ ನಿಲ್ಲದ ಬಿಳಿ ಹೊಗೆಯಿಂದ ಡೀಸೆಲ್ ಪೂರ್ತಿ ಉರಿಯುತ್ತಿಲ್ಲ ಅಥವಾ ರೇಡಿಯೇಟರಿನ ನೀರು ಹೋಗಬಾರದ ಕಡೆ ಹೋಗುತ್ತಿದೆಯೆಂದೂ ಅನುಮಾನಿಸಬೇಕು. ಮೂರು ಬಣ್ಣವೂ ಒಟ್ಟಿಗೆ ಬಂದಲ್ಲಿ ಅನುಮಾನಕ್ಕೆ ಅವಕಾಶವಿಲ್ಲ, ಅದು ನಿಶ್ಚಯ. ನೋಡಲು ಬರುವವರಿಗಾಗಿ ಮೊದಲೇ ಸ್ಟಾರ್ಟ್ ಮಾಡಿ ಬಿಸಿಯಾಗಿಟ್ಟ ಇಂಜಿನ್ನಿನಲ್ಲಿ ಈ ಲಿಂಗಗಳು, ಎಂದರೆ ಗುರುತುಗಳು, ಅಡಗಿರುತ್ತವೆಯಾದ್ದರಿಂದ, ಬಾನೆಟ್ ಮುಟ್ಟಿ ತಣ್ಣಗಿದೆಯೆಂದು ಖಚಿತಪಡಿಸಿಕೊಂಡೇ ಪರೀಕ್ಷೆಗೆ ತೊಡಗಬೇಕು.

ಉಪಮಾನ: ತಿಳಿದುದರ ಹೋಲಿಕೆಯಿಂದ ತಿಳಿಯದುದನ್ನು ಅರಿಯುವುದು. ‘ಪಕ್ಕದ ಎಸ್ಟೇಟಿನವರ ಜೀಪು ಇದ್ದ ಹಾಗೇ ಇದೂ’ ಎಂಬ ವಾಕ್ಯವನ್ನು ಕೇಳಿದವನು ಆ ಜೀಪು ಈಗ ಎಲ್ಲಿದೆಯೆಂದು ವಿಚಾರಿಸಬೇಕು. ಅದು ಹಲಸಿನ ಮರದ ಕೆಳಗೆ ನಿಂತು ಅದರ ಮೇಲೆ ಕೋಳಿಗಳು ಮಲಗುತ್ತಿದ್ದರೆ, ಹೋಲಿಕೆಯಲ್ಲಿ ಸುಳ್ಳೇನೂ ಇಲ್ಲವೆಂದು ತಿಳಿಯತಕ್ಕದ್ದು.

ಶಬ್ದ: ಆಪ್ತರ ವಾಕ್ಯ. ಇದರಲ್ಲಿ ಆರ್.ಸಿ. ಪುಸ್ತಕವು ಶ್ರುತಿ, ಬ್ರೋಕರನ ಮಾತು ಸ್ಮೃತಿ. ಎರಡಕ್ಕೂ ವಿರೋಧ ಬಂದಾಗ ಶ್ರುತಿಯೇ ಪ್ರಬಲ. ಆರ್.ಸಿ.ಯಲ್ಲಿ ಪೆಟ್ರೋಲ್ ಎಂದಿದ್ದು ಬಾನೆಟ್ಟಿನ ಕೆಳಗೆ ಡೀಸೆಲ್ ಇಂಜಿನ್ ಗುಡುಗುತ್ತಿದ್ದರೆ ಶ್ರುತಿವಿರೋಧ ಸ್ಪಷ್ಟ. ‘ಒಂದು ರೂಪಾಯಿ ಕೆಲಸ ಇಲ್ಲ, ಕೀ ತಿರುಗಿಸೋದು, ಹೋಗ್ತಾ ಇರೋದು’ ಎಂಬ ಸ್ಮೃತಿವಾಕ್ಯವನ್ನು ಮೀಮಾಂಸಕರ ಅರ್ಥವಾದವೆಂದು, ಎಂದರೆ ಕೇಳುವವನನ್ನು ಕರ್ಮಕ್ಕೆ ಪ್ರೇರೇಪಿಸುವ ಸ್ತುತಿಯೆಂದು ಭಾವಿಸಬೇಕೇ ಹೊರತು ಅಕ್ಷರಾರ್ಥದಲ್ಲಿ ತೆಗೆದುಕೊಳ್ಳಬಾರದು. ಒಂದು ರೂಪಾಯಿಯ ಕೆಲಸ ನಿಜವಾಗಿಯೂ ಇರುವುದಿಲ್ಲ, ಇರುವುದೆಲ್ಲ ಐದಂಕಿಯದು.

ಅರ್ಥಾಪತ್ತಿ: ಕಂಡ ಸಂಗತಿ ಬೇರೆ ರೀತಿಯಲ್ಲಿ ಹೊಂದದಿದ್ದಾಗ ಕಾಣದ ಸಂಗತಿಯನ್ನು ಕಲ್ಪಿಸುವುದು. ಹಗಲು ಉಣ್ಣದ ದೇವದತ್ತನು ದಪ್ಪಗಿದ್ದಾನೆಂದರೆ ಅವನು ರಾತ್ರಿ ಉಣ್ಣುತ್ತಾನೆಂದು ಹಿಂದಿನವರು ನಿರ್ಣಯಿಸಿದರು. ಮೀಟರು ಕಡಿಮೆ ಕಿಲೋಮೀಟರ್ ತೋರಿಸುತ್ತಿದ್ದು, ಕ್ಲಚ್ ಪೆಡಲಿನ ರಬ್ಬರು ಸವೆದು ಕಬ್ಬಿಣ ಹೊಳೆಯುತ್ತಿದ್ದರೆ, ಜೀಪು ಓಡುವಾಗ ಮೀಟರು ವಿಶ್ರಾಂತಿಯಲ್ಲಿತ್ತೆಂದು ಅದೇ ನ್ಯಾಯದಿಂದ ನಿರ್ಣಯಿಸಬೇಕು.

ಅನುಪಲಬ್ಧಿ: ಇರಬೇಕಾದುದು ಕಾಣದಿರುವುದರಿಂದ ಬರುವ ಅಭಾವಜ್ಞಾನ. ಹಳೆಯ ಜೀಪು ನಿಂತ ಜಾಗದಲ್ಲಿ ಆಯಿಲಿನ ಹನಿ ಕಾಣದಿದ್ದರೆ ಲೀಕಿನ ಅಭಾವವನ್ನಲ್ಲ, ಆಯಿಲಿನ ಅಭಾವವನ್ನು ಶಂಕಿಸಬೇಕು. ಫೋರ್ ವೀಲ್ ಲಿವರು ಇದ್ದಮಾತ್ರಕ್ಕೆ ಫೋರ್ ವೀಲ್ ಇದೆಯೆಂದಲ್ಲ. ಲಿವರು ಉಳಿದು ಕೆಳಗಿನ ಮುಂದಿನ ಶಾಫ್ಟು ಯಾವಾಗಲೋ ಗುಜರಿ ಸೇರಿರುವುದುಂಟು. ಶಾಫ್ಟು ಇದ್ದರೆ ಕೆಸರಿನಲ್ಲಿ ಲಿವರು ಹಾಕಿ ಮುಂದಿನ ಗಾಲಿಗಳು ಮಣ್ಣನ್ನು ಕಚ್ಚುತ್ತವೆಯೇ ಎಂದು ನೋಡಬೇಕು. ಇಂತಹ ಜೀಪಿನಲ್ಲಿ ಮುಂದಿನ ಮತ್ತು ಹಿಂದಿನ ಆಕ್ಸಲುಗಳ ನಡುವೆ ವೇಗದ ವ್ಯತ್ಯಾಸವನ್ನು ಸರಿದೂಗಿಸುವ ಡಿಫರೆನ್ಷಿಯಲ್ ಇಲ್ಲದ ಕಾರಣ, ಒಣ ಟಾರು ರಸ್ತೆಯ ತಿರುವಿನಲ್ಲಿ ಫೋರ್ ವೀಲ್ ಹಾಕಿ ತೋರಿಸುವ ಮಾರಾಟಗಾರನು ಜೀಪಿನ ಶಕ್ತಿಯನ್ನಲ್ಲ, ತನ್ನ ಅಜ್ಞಾನವನ್ನು ಪ್ರದರ್ಶಿಸುತ್ತಿರುತ್ತಾನೆ.

ಆರೂ ಪ್ರಮಾಣಗಳು ಒಕ್ಕೊರಲಿನಿಂದ ‘ಬೇಡ’ ಎಂದು ಸಾರಿದ ಮೇಲೆ ಮಾರುವವನು ಎರಡು ಕ್ಲಿಪ್ಪುಗಳನ್ನು ಬಿಚ್ಚಿ ಮುಂದಿನ ಗಾಜಿನ ಚೌಕಟ್ಟನ್ನು ಬಾನೆಟ್ಟಿನ ಮೇಲೆ ಮಲಗಿಸುತ್ತಾನೆ. ಆಗ ಸ್ಟೀರಿಂಗಿನ ಮುಂದೆ ಕುಳಿತವನ ಮುಖಕ್ಕೆ ನೇರವಾಗಿ ಗಾಳಿ ಬಡಿಯುತ್ತದೆ. ಸ್ಟೀರಿಂಗಿನಲ್ಲಿ ಕಾಲು ಸುತ್ತಿನಷ್ಟು ಆಟವಿರುವುದು ಆಟವೆಂದೇ ತೋರುತ್ತದೆ. ಹಳ್ಳ ದಾಟಿದ ಮೇಲೆ ಒದ್ದೆಯಾದ ಡ್ರಮ್ ಬ್ರೇಕು ಸ್ವಲ್ಪ ಹೊತ್ತು ಹಿಡಿಯುವುದಿಲ್ಲವೆಂಬುದು ವೈರಾಗ್ಯದ ಪಾಠವೆಂದು ತೋರುತ್ತದೆ. ಶಾಸ್ತ್ರಕಾರರು ಹೆಸರಿಸದ ಈ ಏಳನೆಯ ಪ್ರಮಾಣದಿಂದ ಉಳಿದ ಆರೂ ಬಾಧಿತವಾಗುತ್ತವೆ.

5. ವ್ಯವಹಾರ ಕಾಂಡ

ಇಲ್ಲಿ ಪೂರ್ವಪಕ್ಷವು ಮನೆಯವರದು. ‘ಇರುವ ಕಾರು ಸಾಲದೆ?’ ಎಂಬ ಮೊದಲ ಆಕ್ಷೇಪಕ್ಕೆ ‘ತೋಟದ ಕೆಲಸಕ್ಕೆ’ ಎಂಬುದು ಸಿದ್ಧಾಂತ, ‘ತೋಟ ಎಲ್ಲಿದೆ?’ ಎಂಬ ಎರಡನೆಯ ಆಕ್ಷೇಪವು ಬೆಂಗಳೂರಿನಲ್ಲಿ ಮಾತ್ರ ಹುಟ್ಟುವುದರಿಂದ ಅದಕ್ಕೆ ಉತ್ತರವು ಇನ್ನೂ ಸಿದ್ಧವಾಗಬೇಕಿದೆ.

ಕಾಗದಪತ್ರದ ವಿಷಯದಲ್ಲಿ ಹಾಸ್ಯಕ್ಕೆ ಎಡೆಯಿಲ್ಲ. 1988ರ ಮೋಟಾರು ವಾಹನ ಕಾಯ್ದೆಯ ಪ್ರಕಾರ ಖಾಸಗಿ ವಾಹನದ ನೋಂದಣಿಯು 15 ವರ್ಷಕ್ಕೆ ಮುಗಿಯುತ್ತದೆ, ಅನಂತರ ತಪಾಸಣೆಗೊಳಪಟ್ಟು ಐದೈದು ವರ್ಷಕ್ಕೆ ನವೀಕರಣಗೊಳ್ಳಬೇಕು. ಒಂದೇ ರಾಜ್ಯದೊಳಗಿನ ಮಾರಾಟವನ್ನು ಮಾರಿದವನು 14 ದಿನಗಳೊಳಗೆ, ಕೊಂಡವನು 30 ದಿನಗಳೊಳಗೆ ತಿಳಿಸಬೇಕು. ಇದಕ್ಕೆ ಬೇಕಾದವು 29 ಮತ್ತು 30ನೆಯ ನಮೂನೆಗಳು. ಪೆನ್ಸಿಲ್ ಉಜ್ಜಿ ಕಾಗದಕ್ಕಿಳಿಸಿದ ಚಾಸಿ ನಂಬರು ಆರ್.ಸಿ.ಯಲ್ಲಿರುವ ಅಂಕಿಗಳೊಡನೆ ತಾಳೆಯಾಗಬೇಕು. ನೋಂದಣಿಯಲ್ಲಿ ಯಾರ ಹೆಸರಿದೆಯೋ ಅವನೇ ಕಾನೂನಿನ ಕಣ್ಣಿಗೆ ಮಾಲೀಕನೆಂದು 2018ರಲ್ಲಿ ಸರ್ವೋಚ್ಚ ನ್ಯಾಯಾಲಯವು ಹೇಳಿರುವುದರಿಂದ, ‘ಹೆಸರು ಆಮೇಲೆ ಮಾಡಿಸಿಕೊಂಡರಾಯ್ತು’ ಎನ್ನುವ ಸೌಜನ್ಯವು ಮಾರುವವನಿಗೇ ಮುಳುವಾಗಬಹುದು. ಕಾಯ್ದೆಯ 52ನೆಯ ಕಲಮು ತಯಾರಕರ ಮೂಲ ವಿವರಗಳಿಗೆ ವಿರುದ್ಧವಾದ ಮಾರ್ಪಾಡನ್ನು ನಿರ್ಬಂಧಿಸುತ್ತದೆ. ಇದನ್ನು ಕಟ್ಟುನಿಟ್ಟಾಗಿ ಓದಿದರೆ ಸಂಕರಜದ ವಂಶವೇ ಉಳಿಯದು. ಮಿಲಿಟರಿ ಡಿಸ್ಪೋಸಲಿನ ಜೀಪಿಗೆ ಅಭಿಮಾನದಿಂದ ಆಲಿವ್ ಹಸಿರನ್ನೇ ಮತ್ತೆ ಬಳಿಸುವವರು, ರಕ್ಷಣಾ ಇಲಾಖೆಯದಲ್ಲದ ವಾಹನಕ್ಕೆ ಆ ಬಣ್ಣ ಸಲ್ಲದೆಂದು 1989ರ ಕೇಂದ್ರ ಮೋಟಾರು ವಾಹನ ನಿಯಮಗಳು ವಿಧಿಸಿರುವುದನ್ನು ಮರೆಯಬಾರದು.

ಚೌಕಾಸಿಯಲ್ಲಿ ಜೊತೆಗೆ ಮೆಕ್ಯಾನಿಕ್ ಇರುವುದು ಶ್ರೇಯಸ್ಕರ. ಅವನು ಜೀಪನ್ನು ನೋಡಿ ತಲೆಯಾಡಿಸಿದರೆ ಬೆಲೆ ಇಳಿಯುತ್ತದೆ. ಆದರೆ ಆ ತಲೆಯಾಟದಲ್ಲಿ ಮುಂದಿನ ಮೂರು ಮಳೆಗಾಲದ ತನ್ನ ವರಮಾನದ ಲೆಕ್ಕವೂ ಸೇರಿರುವುದರಿಂದ, ಅವನು ಕೊನೆಗೆ ‘ತಗೊಳ್ಳಿ ಸಾರ್, ಮಾಡ್ಕೊಳ್ಳೋಣ’ ಎನ್ನುವನು. ‘ಮಾಡಿಕೊಳ್ಳಿ’ ಎನ್ನದೆ ‘ಮಾಡ್ಕೊಳ್ಳೋಣ’ ಎಂದು ತನ್ನನ್ನೂ ಸೇರಿಸಿಕೊಂಡ ಕ್ಷಣದಲ್ಲಿಯೇ ಕ್ರಯವು ಸಿದ್ಧಿಸಿತೆಂದು ತಿಳಿಯಬೇಕು.

6. ಫಲಶ್ರುತಿ

ಈ ಪ್ರಬಂಧವನ್ನು ಶ್ರದ್ಧೆಯಿಂದ ಓದಿ ಜೀಪು ಕೊಳ್ಳದೆ ಮನೆಗೆ ಮರಳಿದವನು ಧನವನ್ನೂ ನಿದ್ರೆಯನ್ನೂ ಪಡೆಯುವನು, ಆದರೆ ಪ್ರತಿ ಮಳೆಗಾಲದಲ್ಲಿಯೂ ಅದೇ ಜೀಪನ್ನು ಬೇರೆಯವರು ಓಡಿಸುವುದನ್ನು ಕಾಣುವ ಯಾತನೆಗೆ ಗುರಿಯಾಗುವನು. ಓದಿಯೂ ಕೊಂಡವನು ಟಿಂಕರಿಂಗ್‌ನವರ, ವೈರಿಂಗ್‌ನವರ, ಗುಜರಿಯವರ ಹಾಗೂ ದಾರಿಯಲ್ಲಿ ತಳ್ಳಿಕೊಟ್ಟ ಸಮಸ್ತರ ಸ್ನೇಹವನ್ನು ಗಳಿಸುವನು. ಹೇಗೂ ಎಂದಾದರೊಂದು ದಿನ ಅವನೂ ಪುಟ್ಟಿ ತುಂಬಿಸಿ, ಪೇಂಟು ಹೊಡೆಸಿ, ಬೆಳಿಗ್ಗೆಯೇ ಇಂಜಿನ್ ಬಿಸಿ ಮಾಡಿಟ್ಟು, ಗಾಜು ಮಲಗಿಸಲು ಆ ಎರಡು ಕ್ಲಿಪ್ಪುಗಳಿಗೆ ಎಣ್ಣೆ ಬಿಟ್ಟುಕೊಂಡು ಅಂಗಳದಲ್ಲಿ ಕಾಯುವನಷ್ಟೆ; ಆ ದಿನ ಈ ಪ್ರಬಂಧವು ಕೊಳ್ಳಲು ಬರುವವನ ಕಣ್ಣಿಗೆ ಬೀಳದಂತೆ ಎತ್ತಿಡತಕ್ಕದ್ದು.