ಹಿನ್ನೆಲೆಯವನು

ಹನುಮಂತನಗರದ ಮೂರನೇ ಮಹಡಿಯ ಆ ಕೋಣೆಯನ್ನು ಸಿನಿಮಾಗಳಿಗೆ ಹಿನ್ನೆಲೆ ಸಂಗೀತ ಮಾಡುವ ನಮ್ಮವನು ಸ್ಟುಡಿಯೋ ಎನ್ನುತ್ತಾನೆ. ಓನರ್ ಆಂಟಿಗೆ ಅದು ಇನ್ನೂ ಸ್ಟೋರ್ ರೂಮೇ. ಗೋಡೆಗೆ ಕಪ್ಪು ಫೋಮು, ಕಿಟಕಿಗೆ ಹಳೇ ಹಾಸಿಗೆ. ಮೈಕ್ ಆನ್ ಆದರೆ ಫ್ಯಾನ್ ಆಫ್; ಹಾಗಾಗಿ ಮೇ ತಿಂಗಳಲ್ಲಿ ಕೊಳಲಿನವನು ಬನಿಯನ್ನಿನಲ್ಲಿ ಕೂತು, ಬೆವರು ಒರೆಸಿಕೊಳ್ಳುತ್ತಾ ಮಲ್ಹಾರ್ ನುಡಿಸುತ್ತಾನೆ. ಅದೂ ಕೆಳಮನೆಯ ಕುಕ್ಕರ್ ಕೂಗಿ ಮುಗಿದ ಮೇಲೆ.

ಮದುವೆ ಸೀಸನ್ನಿನಲ್ಲಿ ಆರ್ಕೆಸ್ಟ್ರಾಕ್ಕೆ ಕೀಬೋರ್ಡ್ ಬಾರಿಸಿದ ದುಡ್ಡು ಲ್ಯಾಪ್‌ಟಾಪಿನ ಕಂತಿಗೆ ಹೋಗುತ್ತದೆ. ಸಿನಿಮಾದವರ ಮುಂದೆ ಈ ಮದುವೆಗಳ ಸುದ್ದಿ ಎತ್ತುವುದಿಲ್ಲ. ಮದುವೆಮನೆಯಲ್ಲಿ ಮಾತ್ರ ಸಿನಿಮಾ ಬಿಟ್ಟು ಬೇರೆ ಮಾತಿಲ್ಲ.

‘ಲೂಸಿಯಾ’ 2013ರಲ್ಲಿ ಜನರ ದುಡ್ಡಿನಿಂದಲೇ ತೆರೆಗೆ ಬಂತಲ್ಲ, ಅಲ್ಲಿಂದ ಗಡ್ಡ ಬಿಟ್ಟ ಪ್ರತಿ ನಿರ್ದೇಶಕನಿಗೂ ದುಡ್ಡು ಎಲ್ಲಿಂದಲೋ ಬಂದೇ ಬರುತ್ತದೆಂಬ ನಂಬಿಕೆ. ‘ಮಗಾ, ಮೊದಲು ಫೆಸ್ಟಿವಲ್ಲಿಗೆ ಹೋಗ್ಲಿ, ಆಮೇಲೆ ಪೇಮೆಂಟ್ ಮಾತಾಡೋಣ.’ ಜಾಸ್ತಿ ಒತ್ತಿದರೆ ಬಿ.ವಿ. ಕಾರಂತರನ್ನು ಎಳೆದು ತರುತ್ತಾನೆ: ‘ಘಟಶ್ರಾದ್ಧದ ಸಂಗೀತಕ್ಕೆ ರಾಷ್ಟ್ರಪ್ರಶಸ್ತಿ ಬಂತಲ್ಲ, ಅದ್ರಲ್ಲೇನು ನೂರು ಪಿಟೀಲಿತ್ತಾ?’ ಕಾರಂತರಷ್ಟು ಕಮ್ಮಿಯಲ್ಲಿ ಮುಗಿಸಲು ಕಾರಂತರಷ್ಟು ಗೊತ್ತಿರಬೇಕಲ್ಲ ಎಂಬ ಉತ್ತರ ನಮ್ಮವನ ನಾಲಿಗೆ ತುದಿವರೆಗೆ ಬಂದು ವಾಪಸ್ ಹೋಗುತ್ತದೆ.

ಈ ಸಲದ ಕಥೆ: ಮಳವಳ್ಳಿ ಕಡೆಯ ಒಬ್ಬ ಅಜ್ಜಿ, ಕಾಣೆಯಾದ ಕೋಳಿ. ಎಡಿಟಿಂಗ್ ಹೊತ್ತಿನಲ್ಲಿ ಸುಮ್ಮನಿರಲಿ ಎಂದು ನಿರ್ದೇಶಕ ಅದಕ್ಕೆ ‘ಇಂಟರ್‌ಸ್ಟೆಲ್ಲರ್’ನ ಹಾನ್ಸ್ ಝಿಮ್ಮರ್ ಸಂಗೀತ ಅಂಟಿಸಿದ್ದ. ಅಜ್ಜಿ ಬೇಲಿ ಸಂದಿಯಲ್ಲಿ ಇಣುಕಿದಾಗಲೆಲ್ಲ ಚರ್ಚಿನ ಆರ್ಗನ್ ಮೊರೆಯುತ್ತದೆ. ಎರಡು ತಿಂಗಳು ಅದನ್ನೇ ಕೇಳಿ ಕೇಳಿ ಅವನ ಕಿವಿಗೆ ಬೇರೇನೂ ಹಿಡಿಸದು. ‘ಇದೇ ಬೇಕು, ಆದ್ರೆ ಇದು ಬೇಡ. ನಮ್ಮ ಮಣ್ಣಿನ ವಾಸನೆ ಬರ್ಬೇಕು.’ ನಮ್ಮವನು ಆರ್ಗನ್ ತೆಗೆದು ಹಾರ್ಮೋನಿಯಂ ಇಟ್ಟ. ನಾಟಕ ಕಂಪನಿ ಥರ ಆಯಿತಂತೆ. ಏಕತಾರಿ ಇಟ್ಟ, ಭಿಕ್ಷೆಗೆ ಬಂದಂತಾಯಿತಂತೆ.

ಕಡೆಗೆ ಒಪ್ಪಿಗೆಯಾಯಿತು ಅನ್ನುವಾಗ, ‘ಎಡಿಟ್ ಲಾಕ್’ ಎಂದು ಆಣೆ ಇಟ್ಟಿದ್ದವನೇ ನಡುವೆ ಹನ್ನೊಂದು ಸೆಕೆಂಡು ಕತ್ತರಿಸಿದ. ಸೆಕೆಂಡಿಗೆ 24 ಫ್ರೇಮಿನ ಲೆಕ್ಕದಲ್ಲಿ 264 ಫ್ರೇಮು ಮಾಯ. ಮಗನ ಸಾವಿನ ಸುದ್ದಿಗೆಂದು ಇಟ್ಟಿದ್ದ ತಮಟೆಯ ಪೆಟ್ಟು ಈಗ ಸರಿಯಾಗಿ ಎಮ್ಮೆ ತಿರುಗಿ ನೋಡುವಾಗ ಬೀಳುತ್ತದೆ. ಅಲ್ಲಿಂದ ಮುಂದಿನದೆಲ್ಲ ಮತ್ತೆ ಕೂರಿಸಬೇಕು. ನಿರ್ದೇಶಕನಿಗೆ ಎಮ್ಮೆಯ ಪೆಟ್ಟು ಬಹಳ ಇಷ್ಟವಾಗಿ, ಅದೊಂದನ್ನು ಉಳಿಸಿ ಮಿಕ್ಕಿದ್ದನ್ನು ತೆಗೆಸಿದ. ಮೌನವೇ ಸಂಗೀತವಂತೆ.

ಪ್ರದರ್ಶನ ಮುಗಿದ ಮೇಲೆ ವಿಮರ್ಶಕರೊಬ್ಬರು ಮೈಕ್ ಹಿಡಿದು, ‘ಹಿನ್ನೆಲೆ ಸಂಗೀತವನ್ನೇ ಬಳಸದ ನಿಮ್ಮ ಧೈರ್ಯ ದೊಡ್ಡದು’ ಎಂದರು. ನಿರ್ದೇಶಕ ಕೈಮುಗಿದ. ಹಿಂದಿನ ಸಾಲಿನಲ್ಲಿದ್ದ ನಮ್ಮವನೂ ಕೈಮುಗಿದ. ಆ ಮಾತಿನ ವಿಡಿಯೋವನ್ನು ಅವತ್ತು ರಾತ್ರಿಯೇ ಸ್ಟೇಟಸ್ಸಿಗೆ ಹಾಕಿಕೊಂಡು, ಕೆಳಗೆ ‘ಸಂಗೀತ: ನಾನು’ ಎಂದು ಬರೆದ.